ಓದುಗರ ಪ್ರಶ್ನೆ, ವಕೀಲರ ಉತ್ತರ: ಅರ್ಜಿ ವಜಾ ಆಗಿದೆ, ಮುಂದೇನು?

ಹೋದ ಸಂಚಿಕೆಯಲ್ಲಿ ಆಸ್ತಿ ಪಾಲಿನ ಬಗ್ಗೆ ಬರೆದಿದ್ದೆ. ಆಮೇಲೆ ಬಂದ ಪತ್ರಗಳಲ್ಲಿ ಪಾಲಿನ ಪ್ರಶ್ನೆಗಿಂತ ಇನ್ನೊಂದು ಮಾತೇ ಜಾಸ್ತಿ ಇತ್ತು. "ಕೇಸ್ ವಜಾ ಆಯ್ತು ಮೇಡಂ, ನಮ್ಮ ಮಾತು ಯಾರೂ ಕೇಳಲೇ ಇಲ್ಲ." ಫೀ ಕಟ್ಟಿಲ್ಲ ಅಂತ, ತಾರೀಖಿಗೆ ಬರಲಿಲ್ಲ ಅಂತ, ಕಾಗದ ಸರಿ ಇಲ್ಲ ಅಂತ ವಜಾ. ಅದಕ್ಕೇ ಈ ಸಲ ಪೂರ್ತಿ ಜಾಗ ಈ ಪ್ರಶ್ನೆಗಳಿಗೇ ಕೊಟ್ಟಿದ್ದೇನೆ. ಬರೆದವರ ಹೆಸರು ಹಾಕಿಲ್ಲ.

ಪ್ರಶ್ನೆ: ನಮ್ಮ ಹೊಲದ ಬದುವಿನ ದಾವೆ ಆರು ವರ್ಷದಿಂದ ನಡೀತಿತ್ತು. ತೊಗರಿ ರಾಶಿ ಇತ್ತು ಅಂತ ಎರಡು ತಾರೀಖಿಗೆ ಹೋಗಲಿಲ್ಲ. ನಮ್ಮ ವಕೀಲರೂ ಆ ದಿನ ಬೇರೆ ಕೋರ್ಟಿನಲ್ಲಿದ್ದರಂತೆ. ದಾವೆ ವಜಾ ಆಗಿ 19 ದಿನ ಆಯ್ತು. ಎದುರಿನವರು ನಾನು ಸೋತೆ ಅಂತ ಊರೆಲ್ಲ ಹೇಳಿಕೊಂಡು ತಿರುಗುತ್ತಿದ್ದಾರೆ. (ರೈತರು, ಆಳಂದ ತಾಲ್ಲೂಕು)

ಅಣ್ಣಾರೆ, ನೀವು ಸೋತಿಲ್ಲ. ಬದು ಯಾರದು ಅಂತ ಕೋರ್ಟು ಇನ್ನೂ ತೀರ್ಮಾನ ಮಾಡಿಲ್ಲ. ಕೇಸ್ ಕರೆದಾಗ ನಿಮ್ಮ ಕಡೆಯಿಂದ ಯಾರೂ ಇರಲಿಲ್ಲ, ಅಷ್ಟಕ್ಕೆ ವಜಾ ಆಗಿದೆ. ಡಿಫಾಲ್ಟ್ ಆಯ್ತು ಅಂತ ಕೋರ್ಟಿನಲ್ಲಿ ಹೇಳ್ತಾರಲ್ಲ, ಅದೇ ಇದು.

ಆದರೆ ನಿಧಾನ ಮಾಡುವ ಹಾಗಿಲ್ಲ. ಅದೇ ಕೋರ್ಟಿಗೆ 30 ದಿನದೊಳಗೆ ರೆಸ್ಟೋರೇಷನ್ ಅರ್ಜಿ, ಅಂದರೆ ವಜಾ ಆದ ದಾವೆ ಮತ್ತೆ ತೆರೆಯಿರಿ ಅನ್ನುವ ಅರ್ಜಿ ಹಾಕಬೇಕು. ಈ 30 ದಿನ ನಿಮಗೆ ವಿಷಯ ಗೊತ್ತಾದ ದಿನದಿಂದ ಅಲ್ಲ, ವಜಾ ಆದ ದಿನದಿಂದಲೇ ಶುರು. ಈ ಲೆಕ್ಕ ತಪ್ಪಿ ಎಷ್ಟೋ ಜನ ಮೋಸ ಹೋಗ್ತಾರೆ. ನಿಮ್ಮ ಪತ್ರ ಕೈಗೆ ಬಂದಾಗ ಉಳಿದಿದ್ದು ಕೆಲವೇ ದಿನ, ಪತ್ರಿಕೆ ಅಚ್ಚಾಗಿ ನಿಮ್ಮ ಊರಿಗೆ ಬರುವಷ್ಟರಲ್ಲಿ ಅದೂ ಮುಗಿದುಬಿಡುತ್ತದೆ ಅಂತ ನಿಮಗೆ ಅವತ್ತೇ ಫೋನ್ ಮಾಡಿ ಹೇಳಿದ್ದೆ. ಬೇರೆಯವರಿಗೂ ಗೊತ್ತಿರಲಿ ಅಂತ ಇಲ್ಲಿ ಮತ್ತೆ ಬರೆಯುತ್ತಿದ್ದೇನೆ.

ಮೊದಲು ಆರ್ಡರ್ ಶೀಟಿನ, ಅಂದರೆ ಪ್ರತಿ ತಾರೀಖಿಗೆ ಏನಾಯ್ತು ಅಂತ ಕೋರ್ಟು ಬರೆದಿಡುವ ಹಾಳೆಯ ನಕಲು ತೆಗೆಸಿ. ಅದರಲ್ಲಿ ಒಂದು ವಿಷಯ ನೋಡಲೇಬೇಕು. ಆ ದಿನ ಎದುರಿನವರು ಹಾಜರಿದ್ದರಾ, ಇಲ್ಲವಾ? ಇಬ್ಬರೂ ಇಲ್ಲದೆ ವಜಾ ಆಗಿದ್ದರೆ ನಿಮಗೆ ಎರಡು ದಾರಿ ಇದೆ. ಹಳೇ ದಾವೆ ಮತ್ತೆ ತೆರೆಯಿರಿ ಅಂತ ಕೇಳಬಹುದು, ಕಾಲಮಿತಿ ಉಳಿದಿದ್ದರೆ ಹೊಸ ದಾವೆಯನ್ನೂ ಹಾಕಬಹುದು. ಎದುರಿನವರು ಹಾಜರಿದ್ದು ನೀವು ಮಾತ್ರ ಇಲ್ಲದೆ ಹೋಗಿದ್ದರೆ ಅದೇ ವಿಷಯಕ್ಕೆ ಹೊಸ ದಾವೆ ಹಾಕೋಕೆ ಬರುವುದಿಲ್ಲ. ರೆಸ್ಟೋರೇಷನ್ ಒಂದೇ ದಾರಿ. ಸಿವಿಲ್ ಪ್ರಕ್ರಿಯಾ ಸಂಹಿತೆ, ಅಂದರೆ ಸಿಪಿಸಿಯ ಆದೇಶ 9ರಲ್ಲಿ ನಿಯಮ 4 ಮತ್ತು ನಿಯಮ 9 ಅಂತ ಇವನ್ನು ಬೇರೆ ಬೇರೆ ಇಟ್ಟಿದ್ದಾರೆ. ಒಂದು ಸಾಲಿನ ವ್ಯತ್ಯಾಸ, ಆದರೆ ಹೊಲ ಉಳಿಯೋದು ಬಿಡೋದು ಆ ಸಾಲಿನ ಮೇಲೆ ನಿಂತಿರುತ್ತದೆ.

ಅರ್ಜಿಯ ಜೊತೆ ಅಫಿಡವಿಟ್, ಅಂದರೆ ಪ್ರಮಾಣ ಮಾಡಿ ಬರೆದ ಹೇಳಿಕೆ ಬೇಕು. ಯಾಕೆ ಬರಲಿಲ್ಲ ಅಂತ ಇದ್ದದ್ದು ಇದ್ದ ಹಾಗೆ ಬರೆಯಿರಿ. ರಾಶಿ ಇತ್ತು, ಕೂಲಿಯವರು ಸಿಕ್ಕಿದ್ದು ಅವತ್ತೇ, ವಕೀಲರು ಬೇರೆ ಕೋರ್ಟಿನಲ್ಲಿದ್ದರು ಅಂದರೆ ಅದನ್ನೇ ಹೇಳಿ. ದಯವಿಟ್ಟು ಸುಳ್ಳು ಮೆಡಿಕಲ್ ಸರ್ಟಿಫಿಕೇಟ್ ತರಬೇಡಿ. ಎದುರಿನ ವಕೀಲರು ಒಂದು ಪ್ರಶ್ನೆ ಕೇಳಿದರೆ ಅದು ಬಿದ್ದುಹೋಗುತ್ತದೆ, ಆಮೇಲೆ ನಿಮ್ಮ ನಿಜವಾದ ಕಾರಣವನ್ನೂ ಯಾರೂ ನಂಬುವುದಿಲ್ಲ. ಎದುರಿನವರಿಗೆ ಇಷ್ಟು ಖರ್ಚು ಕೊಡಿ ಅಂತ ಹೇಳಿ ಕೋರ್ಟು ಕೇಸನ್ನು ಮತ್ತೆ ತೆಗೆದುಕೊಳ್ಳಬಹುದು. ಆ ಖರ್ಚನ್ನು ಹೇಳಿದ ದಿನದೊಳಗೆ ಕಟ್ಟಿಬಿಡಿ. 30 ದಿನ ದಾಟಿದವರು ವಿಳಂಬ ಮನ್ನಾ ಅರ್ಜಿಯನ್ನೂ ಜೊತೆಗೆ ಹಾಕಬೇಕು. ಲಿಮಿಟೇಷನ್ ಕಾಯ್ದೆಯ 5ನೇ ಕಲಂ ಇರೋದೇ ಅದಕ್ಕೆ. ನಿಯಮ 9ರ ಅರ್ಜಿ ತಳ್ಳಿಹಾಕಿದರೆ ಮೇಲ್ಮನವಿಯೂ ಇದೆ.

ಇನ್ನೊಂದು ಮಾತು. ದಾವೆಯಲ್ಲಿ ನಿಮಗೆ ತಡೆಯಾಜ್ಞೆ ಇತ್ತಾ? ಇದ್ದರೆ ದಾವೆ ವಜಾ ಆದಾಗ ಅದರ ಬಲವೂ ಹೋಗಿರುತ್ತದೆ. ಎದುರಿನವರು ಬದುವಿಗೆ ಟ್ರ್ಯಾಕ್ಟರ್ ತರುವ ಮೊದಲೇ ಇದನ್ನು ವಕೀಲರಿಗೆ ಹೇಳಿ.

ವಕೀಲರ ತಪ್ಪಿಗೆ ಕಕ್ಷಿದಾರನ ಕೇಸು ಹೋಗಬೇಕಾ ಅಂತಲೂ ಕೇಳಿದ್ದೀರಿ. 1981ರಲ್ಲಿ ರಫೀಕ್ ಅನ್ನುವವರ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದಕ್ಕೇ ಉತ್ತರ ಕೊಟ್ಟಿದೆ. ವಕೀಲರು ಹಾಜರಾಗಲಿಲ್ಲ ಅಂತ ಅವರ ಮೇಲ್ಮನವಿ ವಜಾ ಆಗಿತ್ತು. ವಕೀಲರನ್ನು ನೇಮಿಸಿ, ಫೀ ಕೊಟ್ಟು, ನಂಬಿ ಊರಲ್ಲಿ ಕೂತವನಿಗೆ ಶಿಕ್ಷೆ ಆಗಬಾರದು ಅಂತ ಕೋರ್ಟು ಅದನ್ನು ಮತ್ತೆ ತೆರೆಸಿತು. ಆದರೆ ಇದನ್ನೇ ನಂಬಿ ಕೂರಬೇಡಿ. ನಿನ್ನ ಕೇಸು ಎಲ್ಲಿದೆ ಅಂತ ನೀನೂ ನೋಡಬೇಕಿತ್ತಲ್ಲ ಅಂತ ಕೋರ್ಟುಗಳು ಕೇಳುತ್ತವೆ. ಈಗ ನೋಡೋದು ಕಷ್ಟವೂ ಅಲ್ಲ. ಪ್ರತಿ ಕೇಸಿಗೂ 16 ಅಕ್ಷರ ಮತ್ತು ಅಂಕಿಗಳ ಸಿಎನ್‌ಆರ್ ನಂಬರ್ ಇರುತ್ತದೆ. ವಕೀಲರ ಹತ್ತಿರ ಅದನ್ನು ಬರೆಸಿಕೊಳ್ಳಿ. ಇ-ಕೋರ್ಟ್ಸ್ ಸರ್ವಿಸಸ್ ಆ್ಯಪಿನಲ್ಲಿ ಹಾಕಿದರೆ ಮುಂದಿನ ತಾರೀಖು, ಹಿಂದೆ ಏನಾಯ್ತು ಎಲ್ಲ ಬರುತ್ತದೆ. ಮನೆಯಲ್ಲಿ ಹೈಸ್ಕೂಲಿಗೆ ಹೋಗೋ ಹುಡುಗರು ಇದ್ದರೆ ಎರಡು ನಿಮಿಷದಲ್ಲಿ ತೋರಿಸಿಕೊಡ್ತಾರೆ.

ನಾನು ವಕೀಲಿ ಶುರು ಮಾಡಿದ ಹೊಸತರಲ್ಲಿ ಒಂದು ದಾವೆಗೆ ಪ್ರೊಸೆಸ್ ಫೀ, ಅಂದರೆ ಎದುರಿನವರಿಗೆ ಸಮನ್ಸ್ ಕಳಿಸುವ ಫೀ ಕಟ್ಟುವುದನ್ನು ಮರೆತೆ. ಸಮನ್ಸ್ ಹೋಗಲಿಲ್ಲ, ದಾವೆ ವಜಾ ಆಯ್ತು. ಕಕ್ಷಿದಾರರು ಒಬ್ಬ ವಯಸ್ಸಾದ ತಾಯಿ. ಅವರ ಮುಂದೆ ಕೂತು ತಪ್ಪು ನನ್ನದು ಅಂತ ಹೇಳಿದೆ. ಅಫಿಡವಿಟ್ಟಿನಲ್ಲೂ ಅದನ್ನೇ ಬರೆದೆ. ಕೇಸು ವಾಪಸ್ ಬಂತು. ಅವತ್ತಿನಿಂದ ಫೀ ಕಟ್ಟುವ ದಿನವನ್ನು ಡೈರಿಯಲ್ಲಿ ಕೆಂಪು ಇಂಕಿನಲ್ಲಿ ಬರೆದಿಡುತ್ತೇನೆ. ನಿಮ್ಮ ವಕೀಲರ ಮೇಲೆ ಈಗಲೇ ಸಿಟ್ಟಾಗಬೇಡಿ, ಮೊದಲು ಅವರ ಹತ್ತಿರವೇ ಹೋಗಿ ಕೇಳಿ. ನಿಜಕ್ಕೂ ದುರ್ನಡತೆ ಇದ್ದರೆ ರಾಜ್ಯ ವಕೀಲರ ಪರಿಷತ್ತಿಗೆ ದೂರು ಕೊಡಬಹುದು. ಗ್ರಾಹಕರ ಕೋರ್ಟಿಗೆ ಹೋಗೋಕೆ ಬರುವುದಿಲ್ಲ, 2024ರಲ್ಲಿ ಸುಪ್ರೀಂ ಕೋರ್ಟ್ ಹಾಗೆ ಹೇಳಿದೆ.

ಪ್ರಶ್ನೆ: ಪಹಣಿಯಲ್ಲಿ ನಮ್ಮ ಅಜ್ಜನ ಹೆಸರು ತೆಗೆದು ಬೇರೆಯವರ ಹೆಸರು ಸೇರಿಸಿದ್ದಾರೆ. ಆ ಆದೇಶದ ವಿರುದ್ಧ ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ರಿಟ್ ಹಾಕಿದ್ದೆವು. "ಆಫೀಸ್ ಆಬ್ಜೆಕ್ಷನ್ ಸರಿಪಡಿಸಿಲ್ಲ" ಅಂತ ವಜಾ ಆಗಿದೆ. ಜಡ್ಜ್ ನಮ್ಮ ಕಾಗದ ಓದಲೇ ಇಲ್ಲವಂತೆ. ಇದು ಯಾವ ನ್ಯಾಯ? (ಓದುಗರು, ಭಾಲ್ಕಿ)

ನಿಮ್ಮ ಸಿಟ್ಟು ನನಗೆ ಅರ್ಥ ಆಗುತ್ತದೆ. ಆದರೆ ಏನು ನಡೆಯಿತು ಅನ್ನೋದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ.

ರಿಟ್ ಅಂದರೆ ಸರ್ಕಾರಿ ಅಧಿಕಾರಿಯ ಆದೇಶ ಸರಿ ಇಲ್ಲ ಅಂತ ನೇರವಾಗಿ ಹೈಕೋರ್ಟಿಗೆ ಹಾಕುವ ಅರ್ಜಿ. ಅದನ್ನು ಕೊಟ್ಟ ಕೂಡಲೇ ಜಡ್ಜ್ ಮುಂದೆ ಹೋಗುವುದಿಲ್ಲ. ಮೊದಲು ರಿಜಿಸ್ಟ್ರಿಯವರು, ಅಂದರೆ ಕೋರ್ಟಿನ ಕಚೇರಿಯವರು ಪರಿಶೀಲನೆ ಮಾಡ್ತಾರೆ. ಕೋರ್ಟ್ ಫೀ ಸರಿ ಇದೆಯಾ, ವಕಾಲತ್ತಿಗೆ (ನಮ್ಮ ಪರ ವಾದಿಸಲು ವಕೀಲರಿಗೆ ಕೊಡುವ ಅಧಿಕಾರ ಪತ್ರ) ಸಹಿ ಇದೆಯಾ, ಅಫಿಡವಿಟ್ ಸರಿಯಾಗಿ ಆಗಿದೆಯಾ, ಲಗತ್ತುಗಳು ಓದೋಕೆ ಬರುತ್ತವಾ ಅಂತ ನೋಡ್ತಾರೆ. ಕಡಿಮೆ ಬಿದ್ದದ್ದನ್ನು ಬರೆದು ಕೊಡ್ತಾರೆ. ಅದೇ ಆಫೀಸ್ ಆಬ್ಜೆಕ್ಷನ್. ಸರಿ ಮಾಡದೆ ಹೋದರೆ ಕೋರ್ಟು ಒಂದೋ ಎರಡೋ ವಾರ ಕೊಡುತ್ತದೆ. ಕೊನೆಗೆ "ಇಷ್ಟು ದಿನದೊಳಗೆ ಸರಿ ಮಾಡದಿದ್ದರೆ ಅರ್ಜಿ ತಾನಾಗಿಯೇ ವಜಾ" ಅಂತ ಆದೇಶ ಆಗುತ್ತದೆ. ವಕೀಲರು ಇದನ್ನು ಪೆರೆಂಪ್ಟರಿ ಆರ್ಡರ್ ಅಂತಾರೆ. ಆಮೇಲೆ ಯಾರೂ ನಿಮ್ಮನ್ನು ಕರೆಯುವುದಿಲ್ಲ. ದಿನ ಮುಗಿಯಿತು, ಅರ್ಜಿ ಹೋಯಿತು.

ನೀವು ಕಳಿಸಿದ ಆಬ್ಜೆಕ್ಷನ್ ಹಾಳೆ ಓದಿದೆ. ಫೀ ಕಡಿಮೆ ಬಿದ್ದಿತ್ತು, ಅದು ಒಂದು ದಿನದ ಕೆಲಸ. ದೊಡ್ಡ ತೊಡಕು ಎರಡನೆಯದು. ಲಗತ್ತಿನಲ್ಲಿ 1954-55ರ ಖಾಸ್ರಾ ಪಹಣಿ ಇದೆ, ಉರ್ದುವಿನಲ್ಲಿದೆ, ಅನುವಾದ ಇಲ್ಲ. ಇದು ನಮ್ಮ ಭಾಗದ್ದೇ ತೊಂದರೆ. 1956ರ ತನಕ ನಾವು ಹೈದರಾಬಾದ್ ರಾಜ್ಯದಲ್ಲಿದ್ದೆವು, ಕಂದಾಯ ದಫ್ತರವೆಲ್ಲ ಉರ್ದುವಿನಲ್ಲೇ ನಡೆಯುತ್ತಿತ್ತು. ಹಾಸನದ ಅಥವಾ ಮೈಸೂರಿನ ರೈತನಿಗೆ ಈ ಕಷ್ಟ ಇಲ್ಲ. ನಮ್ಮ ಬೀದರ್, ಕಲಬುರಗಿ, ಯಾದಗಿರಿಯ ರೈತನಿಗೆ ಅಜ್ಜನ ಹೆಸರು ಸಾಬೀತು ಮಾಡುವ ಕಾಗದವೇ ಅವನು ಓದಲಾರದ ಲಿಪಿಯಲ್ಲಿದೆ. ಅದರಲ್ಲೂ ಎಷ್ಟೋ ದಾಖಲೆ ಶಿಕಸ್ತಾ ಅನ್ನುವ ಕೂಡಿಸಿ ಗೀಚಿದ ಕೈಬರಹದಲ್ಲಿರುತ್ತದೆ. ಅಚ್ಚಿನ ಉರ್ದು ಸರಾಗವಾಗಿ ಓದುವ ಹುಡುಗರಿಗೂ ಅದು ತಿಳಿಯುವುದಿಲ್ಲ. ಆ ಬರಹ ಬಲ್ಲ ಹಿರಿಯರು ವರ್ಷದಿಂದ ವರ್ಷಕ್ಕೆ ಕಡಿಮೆ ಆಗುತ್ತಿದ್ದಾರೆ. ಇದಕ್ಕೆ ಸರ್ಕಾರವೇ ಅನುವಾದಕರನ್ನು ಕೊಡಬೇಕು ಅಂತ ನಾನು ಬಹಳ ದಿನದಿಂದ ಕೇಳುತ್ತಿದ್ದೇನೆ, ಕೇಳುತ್ತಲೇ ಇರುತ್ತೇನೆ.

ಈಗ ನಿಮ್ಮ ದಾರಿ. ವಜಾ ಆದ ಆದೇಶ ವಾಪಸ್ ಪಡೆಯಿರಿ ಅಂತ ಅದೇ ರಿಟ್ ಅರ್ಜಿಯಲ್ಲಿ ಮಧ್ಯಂತರ ಅರ್ಜಿ ಹಾಕಿಸಿ. ಬರಿಗೈಯಲ್ಲಿ ಹೋಗಬೇಡಿ. ಅನುವಾದ ಮಾಡಿಸಿ, ಮಾಡಿದವರ ಸಹಿ ಮತ್ತು ದೃಢೀಕರಣ ಹಾಕಿಸಿ. ಮಸುಕಾದ ಹಾಳೆಗಳ ಟೈಪ್ ಪ್ರತಿ ಮಾಡಿಸಿ, ಫೀ ಕಟ್ಟಿ, ಎಲ್ಲವನ್ನೂ ಅರ್ಜಿಯ ಜೊತೆಗೇ ಕೊಡಿ. ಆಬ್ಜೆಕ್ಷನ್ ಒಂದೂ ಉಳಿದಿಲ್ಲ ಅಂತ ತೋರಿಸಿ ಕೇಳುವವರಿಗೂ, ಇನ್ನೊಂದು ಅವಕಾಶ ಕೊಡಿ ಅಂತ ಸುಮ್ನೆ ಕೇಳುವವರಿಗೂ ತುಂಬಾ ವ್ಯತ್ಯಾಸ ಇದೆ. ಕಾಗದ ನೋಡದೆ ಆದ ವಜಾ ನಿಮ್ಮ ಹಕ್ಕಿನ ಮೇಲಿನ ತೀರ್ಪು ಅಲ್ಲ. ಹೀಗೆ ವಜಾ ಆದ ರಿಟ್ ಅರ್ಜಿ ಮುಂದಿನ ಕಾನೂನು ಹೋರಾಟಕ್ಕೆ ಅಡ್ಡ ಬರುವುದಿಲ್ಲ ಅನ್ನುವ ಮಾತು ಸುಪ್ರೀಂ ಕೋರ್ಟಿನ 1961ರ ದರ್ಯಾವೋ ಕೇಸಿನಿಂದಲೂ ಇದೆ. ಆದರೆ ರಿಟ್‌ಗೆ ಇಷ್ಟೇ ದಿನ ಅಂತ ಮಿತಿ ಬರೆದಿಲ್ಲ ಅಂತ ವರ್ಷಗಟ್ಟಲೆ ಬಿಡಬೇಡಿ. ತಡ ಆಯ್ತು ಅನ್ನುವ ಒಂದೇ ಕಾರಣಕ್ಕೆ ಕೋರ್ಟು ಬೇಡ ಅನ್ನಬಹುದು.

ಪೀಠ ಕಲಬುರಗಿಗೆ ಬಂದಿದ್ದು 2008ರಲ್ಲಿ, ಕಾಯಂ ಆಗಿದ್ದು 2013ರಲ್ಲಿ. ಅದಕ್ಕೂ ಮೊದಲು ಒಂದು ಆಬ್ಜೆಕ್ಷನ್ ಸರಿ ಮಾಡೋಕೂ ರಾತ್ರಿ ರೈಲು ಹಿಡಿದು ಬೆಂಗಳೂರಿಗೆ ಹೋಗಬೇಕಿತ್ತು. ಈಗ ಭಾಲ್ಕಿಯಿಂದ ಬೆಳಿಗ್ಗೆ ಹೊರಟರೆ ಸಂಜೆ ಮನೆ ಸೇರಬಹುದು. ನೀವೇ ಒಂದು ಸಲ ಬಂದು ಹೋಗಿ.

ಪ್ರಶ್ನೆ: ನಾನು ಕಾನೂನು ವಿದ್ಯಾರ್ಥಿನಿ. ಸತ್ಯ ನಮ್ಮ ಕಡೆ ಇದ್ದರೆ ಪ್ರತಿ ಕಡಿಮೆ ಇದೆ, ಸಹಿ ಇಲ್ಲ ಅನ್ನುವ ಕಾರಣಕ್ಕೆ ಕೋರ್ಟು ಯಾಕೆ ತಿರುಗಿಸಿ ಕಳಿಸಬೇಕು ಮೇಡಂ? (ಕಲಬುರಗಿ)

ಈ ಪ್ರಶ್ನೆ ಬಿಡಬೇಡ ತಂಗಿ, ವಕೀಲಿ ಮಾಡುವಾಗಲೂ ಇಟ್ಟುಕೋ.

1976ರ ಕಾನೂನು ವರದಿಗಳಲ್ಲಿ ಪಂಜಾಬ್ ಸರ್ಕಾರ ಮತ್ತು ಶಾಮಲಾಲ್ ಮುರಾರಿ ಅನ್ನುವ ಕೇಸು ಹುಡುಕಿ ಓದು. ಮೇಲ್ಮನವಿಯ ಜೊತೆ ಮೂರು ಪ್ರತಿ ಕೊಡಬೇಕಿತ್ತು, ಕೊಟ್ಟಿರಲಿಲ್ಲ. ಹೈಕೋರ್ಟ್ ಅಷ್ಟಕ್ಕೇ ಬಾಗಿಲು ಹಾಕಿತು. ಸುಪ್ರೀಂ ಕೋರ್ಟಿನಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಆ ಬಾಗಿಲು ತೆರೆದರು. ನಿಯಮ ಇರುವುದು ನ್ಯಾಯದ ಕೈಕೆಲಸಕ್ಕೆ, ನ್ಯಾಯದ ಮೇಲೆ ಯಜಮಾನಿಕೆ ಮಾಡೋಕೆ ಅಲ್ಲ ಅನ್ನೋದು ಅವರ ಮಾತಿನ ಸಾರ. 2005ರಲ್ಲಿ ಉದಯಶಂಕರ್ ತ್ರಿಯಾರ್ ಕೇಸಿನಲ್ಲೂ ಅದೇ ದಾರಿ. ವಕಾಲತ್ತು ಇಲ್ಲದೆ ವಕೀಲರು ಮೇಲ್ಮನವಿಗೆ ಸಹಿ ಹಾಕಿದ್ದರು. ಸರಿ ಮಾಡಬಹುದಾದ ತಪ್ಪಿಗೆ ಸರಿ ಮಾಡುವ ಅವಕಾಶ ಕೊಡಬೇಕು ಅಂತ ತೀರ್ಪಾಯಿತು.

ಹಾಗಾದರೆ ನಿಯಮವೇ ಬೇಡವಾ? ಬೇಕು. ಎದುರಿನವನ ಜಾಗದಲ್ಲಿ ನಿಂತು ನೋಡು. ನಿನ್ನ ಮೇಲೆ ಯಾರೋ ದಾವೆ ಹಾಕಿದ್ದಾರೆ. ಅದರ ಪ್ರತಿ ನಿನಗೆ ಬರಬೇಕಲ್ವಾ? ಬರೆದಿದ್ದು ನಿಜ ಅಂತ ಅವನು ಪ್ರಮಾಣ ಮಾಡಬೇಕಲ್ವಾ? ಮೂವತ್ತು ವರ್ಷ ಬಿಟ್ಟು ಬಂದು ಮನೆ ಬಿಡು ಅಂದರೆ ಹೇಗೆ? ನೋಟಿಸು, ಪ್ರಮಾಣ, ಕಾಲಮಿತಿ ಇವೆಲ್ಲ ಬಡವನನ್ನೂ ಕಾಯುತ್ತವೆ. ನನ್ನ ತಕರಾರು ನಿಯಮದ ಮೇಲೆ ಅಲ್ಲ. ಸರಿ ಮಾಡಬಹುದಾದ ತಪ್ಪು ಆದಾಗ ಅದು ಕಕ್ಷಿದಾರನ ಕಿವಿಗೆ ಬೀಳುವುದೇ ಇಲ್ಲ, ನನ್ನ ತಕರಾರು ಅದರ ಮೇಲೆ. ಆಬ್ಜೆಕ್ಷನ್ ಹಾಳೆ ವಕೀಲರ ಗುಮಾಸ್ತರ ಫೈಲಿನಲ್ಲಿ ಉಳಿದುಬಿಡುತ್ತದೆ, ರೈತ ಊರಲ್ಲಿ ತನ್ನ ಕೇಸು ನಡೀತಿದೆ ಅಂದುಕೊಂಡು ಕಾಯುತ್ತಿರುತ್ತಾನೆ.

ತಡದ ವಿಷಯದಲ್ಲಿ ಎರಡು ತೀರ್ಪು ಜೊತೆಗಿಟ್ಟು ಓದು. 1987ರ ಕಾತಿಜಿ ಕೇಸಿನಲ್ಲಿ 4 ದಿನದ ತಡವನ್ನು ಕೋರ್ಟು ಉದಾರವಾಗಿ ಮನ್ನಿಸಿತು. 2012ರಲ್ಲಿ ಅಂಚೆ ಇಲಾಖೆ 427 ದಿನ ತಡವಾಗಿ ಬಂದಾಗ, ಫೈಲು ಟೇಬಲಿನಿಂದ ಟೇಬಲಿಗೆ ಓಡಾಡುತ್ತಿತ್ತು ಅನ್ನುವ ಕಾರಣವನ್ನು ಒಪ್ಪಲಿಲ್ಲ. ಕ್ರಿಮಿನಲ್ ಕೇಸಿನಲ್ಲಿ ಶಿಕ್ಷೆ ಆದವನ ಮೇಲ್ಮನವಿಯನ್ನಂತೂ ವಕೀಲರು ಬಂದಿಲ್ಲ ಅಂತ ಸುಮ್ನೆ ವಜಾ ಮಾಡೋಕೆ ಬರುವುದಿಲ್ಲ. 1996ರ ಬನಿ ಸಿಂಗ್ ತೀರ್ಪು ಅದನ್ನು ಹೇಳುತ್ತದೆ. ಅಲ್ಲಿ ಮನುಷ್ಯನ ಬಿಡುಗಡೆಯ ಪ್ರಶ್ನೆ ಇರುತ್ತದೆ.

ಪ್ರಶ್ನೆ: ನಮ್ಮದು ದಾಲ್ ಮಿಲ್. ಬೇರೆ ಊರಿನ ವ್ಯಾಪಾರಿ ತೊಗರಿಬೇಳೆ ತಗೊಂಡು 6 ಲಕ್ಷ ಬಾಕಿ ಉಳಿಸಿದ್ದಾನೆ. ದಾವೆ ಹಾಕಿದರೆ "ಮೊದಲು ಮಧ್ಯಸ್ಥಿಕೆಗೆ ಹೋಗಿಲ್ಲ" ಅಂತ ತಿರಸ್ಕಾರ ಆಗಿದೆ. ಅವನು ಫೋನೇ ಎತ್ತುವುದಿಲ್ಲ, ಯಾವ ಮಧ್ಯಸ್ಥಿಕೆ? (ವ್ಯಾಪಾರಿ, ಕಲಬುರಗಿ)

3 ಲಕ್ಷ ಅಥವಾ ಅದಕ್ಕಿಂತ ಜಾಸ್ತಿ ಮೊತ್ತದ ವ್ಯಾಪಾರದ ಜಗಳ ಕಮರ್ಷಿಯಲ್ ಕೋರ್ಟ್ಸ್ ಕಾಯ್ದೆಗೆ ಬರುತ್ತದೆ. ಅದರ 12ಎ ಕಲಂ ಪ್ರಕಾರ ತುರ್ತು ತಡೆಯಾಜ್ಞೆಯಂಥದ್ದು ಬೇಕಿಲ್ಲದಿದ್ದರೆ ದಾವೆಗೆ ಮೊದಲು ಮಧ್ಯಸ್ಥಿಕೆಗೆ ಅರ್ಜಿ ಹಾಕಲೇಬೇಕು. 2022ರ ಆಗಸ್ಟಿನಲ್ಲಿ ಪಾಟೀಲ್ ಆಟೋಮೇಷನ್ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಇದು ಕಡ್ಡಾಯ ಅಂದಿತು. ಅದೇ ತಿಂಗಳ 20ರಿಂದ ಈಚೆಗೆ ಹಾಗೆ ಮಾಡದೆ ಹಾಕಿದ ದಾವೆ ತಿರಸ್ಕಾರ ಆಗುತ್ತದೆ.

ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಅರ್ಜಿ ಕೊಡಿ. ಅವರು ಆ ವ್ಯಾಪಾರಿಗೆ ನೋಟಿಸ್ ಕಳಿಸ್ತಾರೆ. ಅವನು ಬರಲಿಲ್ಲ ಅಂದರೆ ಬರಲಿಲ್ಲ ಅಂತ ವರದಿ ಕೊಡ್ತಾರೆ. ಅದನ್ನು ಹಿಡಿದು ಹೊಸದಾಗಿ ದಾವೆ ಹಾಕಿ. ದಾವಾ ಪತ್ರ ತಿರಸ್ಕಾರ ಆದರೂ ಹೊಸದು ಹಾಕೋಕೆ ಅಡ್ಡಿ ಇಲ್ಲ. ಮಧ್ಯಸ್ಥಿಕೆಯ ದಿನಗಳನ್ನು ಕಾಲಮಿತಿಯಲ್ಲಿ ಎಣಿಸುವುದಿಲ್ಲ. ಆದರೆ ಒಟ್ಟು ಮಿತಿ 3 ವರ್ಷ. ಬಿಲ್ಲಿನ ತಾರೀಖು ಇವತ್ತೇ ತೆಗೆದು ನೋಡಿ.

ಪ್ರಶ್ನೆ: ಕೈಸಾಲಕ್ಕೆ ಕೊಟ್ಟ ಚೆಕ್ ಬೌನ್ಸ್ ಆಯ್ತು. ಬ್ಯಾಂಕಿನ ಚೀಟಿ ಬಂದು 41 ದಿನಕ್ಕೆ ನೋಟಿಸ್ ಕಳಿಸಿದೆ. ದೂರು ನಿಲ್ಲಲಿಲ್ಲ. ದುಡ್ಡು ಹೋಯ್ತಾ? (ಕಿರಾಣಿ ಅಂಗಡಿಯವರು, ಯಾದಗಿರಿ)

ದುಡ್ಡು ಹೋಗಿಲ್ಲ, ಚೆಕ್ ಬೌನ್ಸ್ ದೂರಿನ ದಾರಿ ಹೋಗಿದೆ. ಚೀಟಿ ಬಂದ 30 ದಿನದೊಳಗೆ ನೋಟಿಸ್ ಹೋಗಬೇಕು. ನೋಟಿಸ್ ಮುಟ್ಟಿದ ಮೇಲೆ ದುಡ್ಡು ಕೊಡೋಕೆ ಅವನಿಗೆ 15 ದಿನ. ಆಮೇಲೆ ಒಂದು ತಿಂಗಳೊಳಗೆ ದೂರು. ದೂರು ತಡವಾದರೆ ಕಾರಣ ಹೇಳಿ ಮನ್ನಾ ಕೇಳಬಹುದು, ನೋಟಿಸಿನ ತಡಕ್ಕೆ ಮನ್ನಾ ಇಲ್ಲ. ಚೆಕ್ಕಿನ ಮೇಲಿನ ತಾರೀಖಿಗೆ 3 ತಿಂಗಳು ತುಂಬಿಲ್ಲದಿದ್ದರೆ ಇನ್ನೊಮ್ಮೆ ಬ್ಯಾಂಕಿಗೆ ಹಾಕಿ, ಮತ್ತೆ ಬೌನ್ಸ್ ಆದರೆ ಹೊಸ ನೋಟಿಸ್ ಕೊಡಬಹುದು. ತುಂಬಿದ್ದರೆ ಸಿವಿಲ್ ಕೋರ್ಟಿನಲ್ಲಿ ವಸೂಲಿ ದಾವೆ ಹಾಕಿ, ಆ ಚೆಕ್ಕೇ ನಿಮ್ಮ ಸಾಕ್ಷಿ.

ಪ್ರಶ್ನೆ: ನಾವು ಅಣ್ಣತಮ್ಮಂದಿರು ಪುಣೆಗೆ ಗುಳೆ ಹೋಗಿದ್ದೆವು. ಅಪ್ಪ ತೀರಿಕೊಂಡು ಐದು ತಿಂಗಳು ದಾಟಿದೆ. ಅಪ್ಪ ಹಾಕಿದ ದಾವೆ ಮುಗಿದುಹೋಯ್ತು ಅಂತಿದ್ದಾರೆ. (ಶಹಾಪುರ ತಾಲ್ಲೂಕು)

ವಾದಿ ತೀರಿಕೊಂಡರೆ 90 ದಿನದೊಳಗೆ ವಾರಸುದಾರರ ಹೆಸರು ಸೇರಿಸಬೇಕು. ಸೇರಿಸದಿದ್ದರೆ ದಾವೆ ತಾನಾಗಿ ನಿಂತುಹೋಗುತ್ತದೆ, ಅಬೇಟ್ ಆಯ್ತು ಅಂತಾರೆ. ಅದನ್ನು ರದ್ದು ಮಾಡಿಸೋಕೆ ಮತ್ತೆ 60 ದಿನ. ನಿಮಗೆ ಎರಡೂ ಸೇರಿ 150 ದಿನ ದಾಟಿರುವುದರಿಂದ ಮೂರು ಅರ್ಜಿ ಒಟ್ಟಿಗೆ ಬೇಕು. ತಡ ಮನ್ನಿಸಿ, ಅಬೇಟ್ ರದ್ದು ಮಾಡಿ, ನಮ್ಮ ಹೆಸರು ಸೇರಿಸಿ. ಪುಣೆಯಲ್ಲಿ ದುಡಿಯುತ್ತಿದ್ದದ್ದಕ್ಕೆ ಮೇಸ್ತ್ರಿಯ ಚೀಟಿ, ಬಾಡಿಗೆ ರಸೀದಿ, ರೈಲಿನ ಟಿಕೆಟ್ ಏನು ಸಿಕ್ಕರೂ ಅಫಿಡವಿಟ್ ಜೊತೆ ಇಡಿ. ದಾವೆ ಇದ್ದದ್ದೇ ಗೊತ್ತಿರಲಿಲ್ಲ ಅಂದರೆ ಅದನ್ನೂ ಬರೆಯಿರಿ. ಮರಣ ಪ್ರಮಾಣಪತ್ರ ಇನ್ನೂ ತೆಗೆಸಿಲ್ಲ ಅಂದಿದ್ದೀರಿ, ಮೊದಲ ಕೆಲಸ ಅದು.

ಪ್ರಶ್ನೆ: ತವರಿನ ಹೊಲದಲ್ಲಿ ಪಾಲು ಕೇಳಿ ದಾವೆ ಹಾಕಿದ್ದೆ. ಕೋರ್ಟ್ ಫೀ ಸಾಲದು, ಇನ್ನೂ ಕಟ್ಟಿ ಅಂದರು. ಕಟ್ಟೋಕೆ ಆಗಲಿಲ್ಲ, ತಿರಸ್ಕಾರ ಆಯ್ತು. ಕೂಲಿ ಮಾಡಿ ಇಬ್ಬರು ಮಕ್ಕಳನ್ನು ಸಾಕುತ್ತಿದ್ದೇನೆ. (ಚಿಂಚೋಳಿ ತಾಲ್ಲೂಕು)

ಅಕ್ಕಾ, ನಿಮ್ಮ ಪತ್ರ ಎರಡು ಸಲ ಓದಿದೆ. ಪಾಲಿನ ದಾವೆಯಲ್ಲಿ ಫೀ ಎರಡು ಥರ ಇದೆ. ಹೊಲ ಜಂಟಿಯಾಗಿ ಎಲ್ಲರ ಸ್ವಾಧೀನದಲ್ಲಿದ್ದರೆ ಸಣ್ಣ ನಿಗದಿತ ಫೀ. ನಿಮ್ಮನ್ನು ಹೊರಗೆ ಹಾಕಿದ್ದಾರೆ ಅಂದರೆ ನಿಮ್ಮ ಪಾಲಿನ ಮಾರುಕಟ್ಟೆ ಬೆಲೆಯ ಮೇಲೆ ಫೀ. ನಿಮ್ಮ ದಾವಾ ಪತ್ರದಲ್ಲಿ "ಅಣ್ಣಂದಿರು ಹೊಲಕ್ಕೆ ಕಾಲಿಡೋಕೆ ಬಿಡುತ್ತಿಲ್ಲ" ಅಂತ ಬರೆದಿದ್ದಾರೆ, ಅಲ್ಲೇ ಫೀ ಏರಿರಬೇಕು. ಅದು ನಿಜವಾಗಿದ್ದರೆ ಹಾಗೆಯೇ ಇರಲಿ, ಫೀ ಉಳಿಸೋಕೆ ಸುಳ್ಳು ಬರೆಸಬೇಡಿ.

ಫೀ ನೀವು ಕಟ್ಟಬೇಕಾಗಿಯೇ ಇಲ್ಲ. ಉಚಿತ ಕಾನೂನು ನೆರವು ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇದ್ದರೂ ಸಿಗುತ್ತದೆ, 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಲ್ಲೇ ಇದೆ. ವಕೀಲರನ್ನು ಅವರೇ ಕೊಡ್ತಾರೆ, ಕೋರ್ಟ್ ಫೀ ಕೂಡ ಆ ನೆರವಿನೊಳಗೆ ಬರುತ್ತದೆ. ಫೀ ಕಡಿಮೆ ಅಂತ ತಿರಸ್ಕಾರ ಆದ ದಾವೆಯನ್ನು ಹೊಸದಾಗಿ ಹಾಕಬಹುದು, ಸಿಪಿಸಿಯ ಆದೇಶ 7ರ ನಿಯಮ 13 ಓದಿಸಿಕೊಳ್ಳಿ. ಚಿಂಚೋಳಿ ಕೋರ್ಟಿನಲ್ಲೇ ತಾಲ್ಲೂಕು ಕಾನೂನು ಸೇವಾ ಸಮಿತಿ ಇದೆ. ಹೋಗುವ ಮೊದಲು 15100ಕ್ಕೆ ಫೋನ್ ಮಾಡಿ ಕೇಳಬಹುದು, ದುಡ್ಡು ಕೊಡಬೇಕಿಲ್ಲ. ಕೂಲಿ ಬಿಟ್ಟು ಎರಡು ಸಲ ಓಡಾಡುವ ಹಾಗೆ ಆಗಬಾರದು. ಅದಕ್ಕೆ ಮೊದಲ ಸಲವೇ ತಿರಸ್ಕಾರದ ಆದೇಶ, ಹಳೇ ದಾವಾ ಪತ್ರದ ಪ್ರತಿ, ಹೊಲದ ಪಹಣಿ, ನಿಮ್ಮ ಆಧಾರ್ ಎಲ್ಲ ಒಂದು ಚೀಲದಲ್ಲಿ ಹಾಕಿಕೊಂಡು ಹೋಗಿ.